‘ಇತ್ತೆ ಬೊಡ್ಚಿ’: ಮಲೆಕುಡಿಯರ ಊರಿಗೆ ಹೋದ ಒಂದು ಚಾರಣದ ಪ್ರಕರಣ

ತುಳುವಿನಲ್ಲಿ ‘ಇತ್ತೆ ಬೊಡ್ಚಿ’ ಅಂದರೆ ‘ಈಗ ಬೇಡ’. ಒಂದು ಭಾನುವಾರ ಮಧ್ಯಾಹ್ನ ಹಳ್ಳದ ದಡದಲ್ಲಿ ಈ ಮಾತು ನನ್ನ ಕಿವಿಗೆ ಬಿತ್ತು. ಅರ್ಥವೂ ಆಯಿತು. ಆದರೂ ಹನ್ನೊಂದು ಜನರನ್ನು ದಾಟಿಸಲು ಹೊರಟೆ. ಹಾಗೆ ಹೇಳಿದವರ ಮಣಿಕಟ್ಟೇ ಮುರಿಯಿತು.

ಕಾಡಿನೊಳಗಿನ ಊರುಗಳಿಗೆ ಜನರನ್ನು ಕರೆದುಕೊಂಡು ಹೋಗಿ ಒಂದು ರಾತ್ರಿ ಉಳಿಸುವ ಚಾರಣಗಳು ಈಗ ಜಾಸ್ತಿ ಆಗಿವೆ. ಅವನ್ನು ನಡೆಸುವವರಿಗೆ ಉಪಯೋಗವಾಗಲಿ ಅಂತ ನಡೆದದ್ದನ್ನೆಲ್ಲ ಬರೆಯುತ್ತಿದ್ದೇನೆ. ಆ ಮನೆಯವರನ್ನು ಕೇಳಿಯೇ ಬರೆಯುತ್ತಿದ್ದೇನೆ. ಯಾರ ಹೆಸರನ್ನೂ ಹಾಕಿಲ್ಲ. ಊರಿನ ಗುರುತು ಸಿಗುವಂಥ ಒಂದೆರಡು ವಿವರ ಬದಲಿಸಿದ್ದೇನೆ.

ಊರು, ದಾರಿ, ದುಡಿಮೆ

ಊರು ಇರುವುದು ಕುದುರೆಮುಖ ಶ್ರೇಣಿಯ ಪಶ್ಚಿಮದ ಇಳಿಜಾರಿನಲ್ಲಿ. ಏಳು ಮನೆ, ಎಲ್ಲವೂ ಈ ಬೆಟ್ಟಗಳ ಬುಡಕಟ್ಟಿನವರಾದ ಮಲೆಕುಡಿಯರವು. ಮನೆಗಳು ಒಂದಕ್ಕೊಂದು ಅಂಟಿಕೊಂಡಿಲ್ಲ. ಗಟ್ಟಿಯಾಗಿ ಕೂಗಿದರೆ ಕೇಳುವಷ್ಟು ದೂರದಲ್ಲಿ, ಒಂದೊಂದು ಅಡಿಕೆ ತೋಟದ ತಲೆಯಲ್ಲಿ ಒಂದೊಂದು. ಮನೆಮಾತು ತುಳು. ಶಾಲೆಗೆ ಹೋದವರಿಗೆ ಕನ್ನಡ ಸಲೀಸು.

ಜೀಪು ನಿಲ್ಲುವ ಜಾಗದಿಂದ ಐದೂವರೆ ಕಿಲೋಮೀಟರ್ ನಡೆಯಬೇಕು. ಅಪ್ಪಟ ಮಳೆಕಾಡು. ರಾಮಪತ್ರೆ, ಧೂಪ, ನಾಗಸಂಪಿಗೆ ಮರಗಳು ಬಿಸಿಲನ್ನು ನೆಲಕ್ಕೆ ಬಿಡುವುದಿಲ್ಲ. ಚೇರೆ ಮರವೂ ಇದೆ. ಅದರ ಹಾಲು ತಾಗಿದರೆ ಮೈಮೇಲೆ ಬೊಬ್ಬೆ ಏಳುತ್ತದೆ, ಅದಕ್ಕೇ ಗುರುತು ಗೊತ್ತಿಲ್ಲದವರು ಯಾವ ಮರವನ್ನೂ ಹಿಡಿದು ನಿಲ್ಲಬಾರದು. ದಾರಿಯಲ್ಲಿ ಮೂರು ಹಳ್ಳ. ಎರಡಕ್ಕೆ ಅಡಿಕೆ ಮರದ ಕಾಲುಸಂಕ ಇದೆ. ಮೂರನೆಯದು ಅಗಲ. ಅದಕ್ಕೆ ಹಾಕಿದ ಸಂಕ ಪ್ರತಿ ಮಳೆಗಾಲ ಕೊಚ್ಚಿಹೋಗುತ್ತದೆ, ಅಲ್ಲಿ ನೀರಿಗೆ ಇಳಿದೇ ದಾಟಬೇಕು.

1987ರಲ್ಲಿ ಈ ಕಾಡು ಕುದುರೆಮುಖ ರಾಷ್ಟ್ರೀಯ ಉದ್ಯಾನವಾಯಿತು. 2012ರಲ್ಲಿ ಪಶ್ಚಿಮ ಘಟ್ಟದ 39 ತಾಣಗಳು ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವಲ್ಲ, ಆ ಪಟ್ಟಿಯಲ್ಲೂ ಇದು ಇದೆ. ಮಲೆಕುಡಿಯರು ಇವೆಲ್ಲಕ್ಕಿಂತ ಬಹಳ ಹಿಂದಿನಿಂದ ಇಲ್ಲೇ ಇದ್ದವರು. ಉದ್ಯಾನವಾದ ಮೇಲೆ ರಸ್ತೆಗೆ, ಕರೆಂಟಿಗೆ, ಒಂದು ಗೋಡೆ ಎಬ್ಬಿಸುವುದಕ್ಕೂ ಅನುಮತಿಯ ಮಾತು ಬಂತು. ಪುನರ್ವಸತಿಯ ದುಡ್ಡು ತಗೊಂಡು ಕೆಳಗೆ ಇಳಿದುಹೋದ ಮನೆಗಳೂ ಇವೆ. ಅವುಗಳ ಪಾಗಾರದ ಕಲ್ಲುಗಳ ಮೇಲೆ ಈಗ ಪಾಚಿ ಬೆಳೆದಿದೆ. ಉಳಿದವರಿಗೆ 2006ರ ಅರಣ್ಯ ಹಕ್ಕು ಕಾಯ್ದೆ ಒಂದು ಆಸರೆ. ಉಳುತ್ತಿದ್ದ ಜಮೀನಿಗೂ ಕಿರು ಅರಣ್ಯ ಉತ್ಪನ್ನಕ್ಕೂ ಅದು ಹಕ್ಕು ಕೊಡುತ್ತದೆ.

ಆ ಕಿರು ಉತ್ಪನ್ನಗಳಲ್ಲಿ ಮಳೆಗಾಲದ ಮುಖ್ಯ ವಸ್ತು ಉಪ್ಪಾಗೆ ಅನ್ನುವ ಹುಳಿ ಕಾಡುಹಣ್ಣು. ಜೂನ್‌ನಿಂದ ಆಗಸ್ಟ್‌ವರೆಗೆ ಹಣ್ಣು ಬೀಳುತ್ತದೆ. ಸುರಿಯುವ ಮಳೆಯಲ್ಲೇ ಹೋಗಿ ಹೆಕ್ಕಿ ತರಬೇಕು, ಬೀಜ ತೆಗೆದು ಸಿಪ್ಪೆ ಒಣಗಿಸಬೇಕು. ಆ ತಿಂಗಳುಗಳಲ್ಲಿ ಬಿಸಿಲೆಲ್ಲಿ? ಒಲೆಯ ಮೇಲೆ ಬಿದಿರಿನ ಅಟ್ಟ ಕಟ್ಟಿ, ಸಿಪ್ಪೆ ಹರಡಿ, ಹಗಲೂ ರಾತ್ರಿ ಹೊಗೆ ಹಾಕುತ್ತಾರೆ. ನಾಲ್ಕೈದು ದಿನದಲ್ಲಿ ಹಳದಿ ಸಿಪ್ಪೆ ಕಪ್ಪಾಗಿ ಸುರುಟಿಕೊಳ್ಳುತ್ತದೆ. ಒಂದು ದಿನ ಹೊಗೆ ತಪ್ಪಿದರೂ ಬೂಷ್ಟು. ಬೂಷ್ಟು ಹಿಡಿದದ್ದನ್ನು ವ್ಯಾಪಾರಿ ಮುಟ್ಟುವುದಿಲ್ಲ. ಈ ಅಟ್ಟದ ವಿಷಯ ಮುಂದೆ ಮತ್ತೆ ಬರುತ್ತದೆ.

ನಮ್ಮ ಚಾರಣ ಹೇಗೆ ನಡೆಯುತ್ತಿತ್ತು

ಬೆಂಗಳೂರಿನಲ್ಲಿ ನಾವು ಇಬ್ಬರು ಗೆಳೆಯರು ಸೇರಿ ನಡೆಸುತ್ತಿದ್ದೆವು. ಒಂದು ಸಲಕ್ಕೆ ಹತ್ತು ಹನ್ನೆರಡು ಜನ. ಶುಕ್ರವಾರ ರಾತ್ರಿ ಬಸ್ಸು, ಶನಿವಾರ ನಡಿಗೆ, ರಾತ್ರಿ ಊರಿನಲ್ಲಿ. ಭಾನುವಾರ ಮಧ್ಯಾಹ್ನ ಊಟ ಮುಗಿಸಿ ಇಳಿದರೆ ಸೋಮವಾರ ಬೆಳಿಗ್ಗೆ ಎಲ್ಲರೂ ಆಫೀಸಿನಲ್ಲಿ. ಅರಣ್ಯ ಇಲಾಖೆಯ ಅನುಮತಿ, ಇಲಾಖೆ ಒಪ್ಪಿದ ದಾರಿ, ಇದರಲ್ಲಿ ನಾವು ಎಂದೂ ತಪ್ಪಿದವರಲ್ಲ.

ದಾರಿ ತೋರಿಸುತ್ತಿದ್ದವರು ಆ ಊರಿನ ಮೂವತ್ತೆರಡರ ಅಣ್ಣ. ಹೆಸರು ಬೇಡ, ಇಲ್ಲಿ ‘ಅಣ್ಣ’ ಅಂತಲೇ ಇರಲಿ. ಉಳಿಯುತ್ತಿದ್ದದ್ದು ಅವರ ಮನೆಯಲ್ಲಿ, ಪಕ್ಕದ ಇನ್ನೊಂದು ಮನೆಯಲ್ಲಿ. ಅಡುಗೆ ಅವರ ತಾಯಿಯದು. ಕೆಂಪಕ್ಕಿ ಗಂಜಿ, ಕಣಿಲೆ (ಎಳೆ ಬಿದಿರು) ಪಲ್ಯ, ಕೆಸುವಿನ ಎಲೆಯ ಪತ್ರೊಡೆ. ರಾತ್ರಿ ಬೆಳಕಿಗೆ ಹಳ್ಳದ ನೀರಿಗೆ ಕೂರಿಸಿದ ಪುಟ್ಟ ಟರ್ಬೈನ್. ಮಳೆ ಜೋರಾದಷ್ಟೂ ಬಲ್ಬು ಜೋರು. ಪೇಟೆಯಿಂದ ಬಂದವರಿಗೆ ಅದೊಂದು ಬೆರಗು, ಯಾಕೆಂದರೆ ನಮ್ಮಲ್ಲಿ ನಾಲ್ಕು ಹನಿ ಬಿದ್ದರೆ ಕರೆಂಟು ಹೋಗುತ್ತದೆ.

ದುಡ್ಡಿನ ಲೆಕ್ಕವನ್ನು ಮುಚ್ಚಿಡದೆ ಹೇಳಬೇಕು, ಏಕೆಂದರೆ ಪ್ರಕರಣದ ಬೇರು ಅಲ್ಲೇ ಇದೆ. ಬಂದವರಿಂದ ತಲಾ 3,800 ರೂಪಾಯಿ ತಗೊಳ್ಳುತ್ತಿದ್ದೆವು. ಅದರಲ್ಲಿ ಊಟ, ವಸತಿಗೆ ತಲಾ 700 ಮನೆಯವರಿಗೆ. ಅಣ್ಣನಿಗೆ ದಿನಕ್ಕೆ 1,000. ಅರ್ಧ ದುಡ್ಡು ಹೋದ ದಿನ, ಉಳಿದರ್ಧ ಎಲ್ಲರೂ ವಾಪಸ್ ಜೀಪಿನ ಜಾಗ ಮುಟ್ಟಿದ ಮೇಲೆ. ಮಳೆಯಿಂದ ಚಾರಣ ರದ್ದಾದರೆ ಬುಕ್ ಮಾಡಿದವರಿಗೆ ದುಡ್ಡು ವಾಪಸ್, ಊರಿಗೆ ಏನೂ ಇಲ್ಲ. ಇದೆಲ್ಲ ಎಲ್ಲರೂ ಮಾಡುವ ಪದ್ಧತಿ ಅಂತಲೇ ಅಂದುಕೊಂಡಿದ್ದೆ. ಇನ್ನೊಂದು ವಿಷಯ. ಬಂದವರೆಲ್ಲರಿಗೂ ಅಪಘಾತ ವಿಮೆ ಮಾಡಿಸುತ್ತಿದ್ದೆವು. ಅಣ್ಣನಿಗೆ ಮಾಡಿಸಿರಲಿಲ್ಲ. ಅದು ತಲೆಗೇ ಹೊಳೆದಿರಲಿಲ್ಲ.

ಮೊದಲ ಮಳೆಗಾಲ: ಹಳ್ಳದ ದಡದಲ್ಲಿ ಇಪ್ಪತ್ತು ನಿಮಿಷ

ಆಗಸ್ಟ್ ಕೊನೆ. ತುಳುವರ ಲೆಕ್ಕದಲ್ಲಿ ಆಟಿ ತಿಂಗಳು ಕಳೆದು ಸೋಣ ತಿಂಗಳು ಬಂದಿತ್ತು. ಮಳೆ ಬಿಟ್ಟು ಬಿಟ್ಟು ಬರುತ್ತಿತ್ತು. ಶನಿವಾರ ಹೋಗುವಾಗ ಮೂರನೇ ಹಳ್ಳದಲ್ಲಿ ನೀರು ಮೊಣಕಾಲಿಗಿಂತ ಕೆಳಗೆ, ತಳದ ಕಲ್ಲು ಕಾಣುವಷ್ಟು ತಿಳಿ. ಭಾನುವಾರ ಬೆಳಿಗ್ಗೆ ಊರಿನಲ್ಲಿ ಹನಿ ಮಳೆ ಅಷ್ಟೇ. ಆದರೆ ಮೇಲೆ ಬೆಟ್ಟದ ನೆತ್ತಿ ಬೆಳಗಿನಿಂದ ಕಪ್ಪು ಮುಸುಕಿನಲ್ಲಿತ್ತು. ಹಳ್ಳಕ್ಕೆ ಬಂದಾಗ ಒಂದೂವರೆ ಗಂಟೆ.

ಅಣ್ಣ ಮೊದಲು ನೀರನ್ನು ನೋಡಲಿಲ್ಲ, ಕಣ್ಣು ಮುಚ್ಚಿ ಕೇಳಿದರು. ಆಮೇಲೆ ನಾನೂ ಕೇಳಿದೆ. ನೀರಿನ ಸದ್ದಿನ ಕೆಳಗೆ ಇನ್ನೊಂದು ಸದ್ದಿತ್ತು, ಡುಬು ಡುಬು ಅಂತ. ತಳದಲ್ಲಿ ಕಲ್ಲು ಉರುಳುವ ಸದ್ದು ಅದು. ನೀರು ಕೆಂಪಾಗಿತ್ತು. ಹಸಿ ಎಲೆ, ಕಡ್ಡಿ ತೇಲಿ ಬರುತ್ತಿದ್ದವು. ಹಸಿ ಎಲೆ ಬಂದರೆ ಮೇಲೆ ಎಲ್ಲೋ ದಡ ಕುಸಿಯುತ್ತಿದೆ ಅಂತ ಅರ್ಥ. ಅವರು ಒಂದು ಕೋಲು ಮುರಿದು ನೀರಿನ ಅಂಚಿನಲ್ಲಿ ಮಣ್ಣಿಗೆ ಚುಚ್ಚಿದರು. ನೀರು ಮುಟ್ಟಿದ ಕಡೆ ಉಗುರಿನಿಂದ ಒಂದು ಗೀರು. ಹತ್ತು ನಿಮಿಷದಲ್ಲಿ ಗೀರು ನೀರಿನೊಳಗೆ ಹೋಯಿತು.

“ಇತ್ತೆ ಬೊಡ್ಚಿ,” ಅಂದರು. ಮೊದಲು ತಮ್ಮಷ್ಟಕ್ಕೇ. ಆಮೇಲೆ ನನ್ನ ಕಡೆ ತಿರುಗಿ, “ಈಗ ಬೇಡ ಸರ್. ಮಳೆ ಬಿಟ್ಟ ಮೇಲೆ ಮೂರು ಗಂಟೆ ಹೊತ್ತಿಗೆ ಇಳಿತದೆ. ಇಲ್ಲದಿದ್ರೆ ಮನೆಗೆ ವಾಪಸ್ ಹೋಗುವ.”

ನನ್ನ ಹಿಂದೆ ಹನ್ನೊಂದು ಜನ. ಒಬ್ಬರಿಗೆ ಸೋಮವಾರ ಬೆಳಿಗ್ಗೆ ಇಂಟರ್ವ್ಯೂ. ಇನ್ನೊಬ್ಬರ ಮಗುವಿಗೆ ಜ್ವರ, ಮನೆಯಿಂದ ಫೋನ್ ಬಂದಿತ್ತು. ರಾತ್ರಿಯ ಬಸ್ಸಿನ ಟಿಕೆಟ್ ತಗೊಂಡಾಗಿತ್ತು. ಯಾರೂ ಜಗಳ ಆಡಲಿಲ್ಲ. ಸುಮ್ನೆ ನನ್ನ ಮುಖ ನೋಡಿದರು, ಅಷ್ಟೇ. ನಾನು ಅಣ್ಣನ ಹತ್ತಿರ ಹೋಗಿ ಮೆತ್ತಗೆ ಕೇಳಿದೆ, “ಒಬ್ಬೊಬ್ಬರನ್ನೇ ಕೈ ಹಿಡಿದು ನಿಧಾನಕ್ಕೆ ದಾಟಿಸಿದರೆ ಆಗಲ್ವಾ?”

ಅವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ, “ನಿಮಗೆ ಬಿಟ್ಟದ್ದು ಸರ್,” ಅಂದರು.

ಪ್ರಕರಣದ ಮೊದಲ ತಿರುವು ಇದೇ. ಆ ಕ್ಷಣ ಅದು ನನಗೆ ಒಪ್ಪಿಗೆಯಂತೆ ಕೇಳಿಸಿತು. ನಮ್ಮ ಹಳ್ಳಿಗಳಲ್ಲಿ ಬೆಳೆದ ಯಾರಿಗೂ ಗೊತ್ತು, ‘ನಿಮಗೆ ಬಿಟ್ಟದ್ದು’ ಅನ್ನುವುದು ಒಪ್ಪಿಗೆಯೇ ಅಲ್ಲ ಅಂತ. ಇನ್ನು ಹೇಳಿ ಪ್ರಯೋಜನವಿಲ್ಲ ಅಂತ ಕೈ ಚೆಲ್ಲಿದಾಗ ಬರುವ ಮಾತು ಅದು. ನನಗೂ ಗೊತ್ತಿತ್ತು. ಬಸ್ಸಿನ ಹೊತ್ತು ತಲೆಯಲ್ಲಿ ಕೂತಿತ್ತು.

ಅಣ್ಣ ನಡುನೀರಿನಲ್ಲಿ ಬಂಡೆಗೆ ಒರಗಿ ನಿಂತು ಒಬ್ಬೊಬ್ಬರನ್ನೇ ಕೈಗೆ ಕೈ ಬದಲಿಸಿ ದಾಟಿಸಿದರು. ಆರು ಜನ ದಾಟಿದರು. ಏಳನೆಯವರು ಬ್ಯಾಗಿನ ಸೊಂಟಪಟ್ಟಿ ಬಿಚ್ಚಿರಲಿಲ್ಲ. ಹೆಜ್ಜೆ ಎತ್ತಿ ಇಟ್ಟರು, ಕಾಲು ಜಾರಿತು, ಬ್ಯಾಗು ನೀರು ಹಿಡಿದು ಅವರನ್ನು ಎಳೆಯಿತು. ನೀರಿನ ವೇಗ ಎರಡು ಪಟ್ಟಾದರೆ ಕಾಲಿನ ಮೇಲೆ ಬೀಳುವ ಒತ್ತಡ ನಾಲ್ಕು ಪಟ್ಟಾಗುತ್ತದೆ. ನಿನ್ನೆ ಆಟವಾಡಿದ್ದ ಹಳ್ಳ ಇವತ್ತು ಆಳನ್ನು ಎತ್ತಿಕೊಂಡು ಹೋಗುವುದು ಹೀಗೆ. ಅಣ್ಣ ಬಂಡೆ ಬಿಟ್ಟು ಅವರ ಬ್ಯಾಗಿಗೆ ಕೈ ಹಾಕಿದರು. ಇಬ್ಬರೂ ಹದಿನೈದು ಅಡಿ ಕೆಳಗೆ ಹೋಗಿ ಬಿದ್ದ ಮರದ ಕೊಂಬೆಗೆ ಸಿಕ್ಕಿಕೊಂಡರು. ಜಾರಿದವರಿಗೆ ಮೊಣಕಾಲು ತರಚಿದ್ದು ಬಿಟ್ಟರೆ ಏನೂ ಆಗಲಿಲ್ಲ. ಅಣ್ಣನ ಬಲಗೈ ಮಣಿಕಟ್ಟು ಕೊಂಬೆಗೂ ಕಲ್ಲಿಗೂ ನಡುವೆ ಸಿಕ್ಕಿತ್ತು.

ಜಾರಿದವರೂ ಸೇರಿ, ದಾಟದೆ ಉಳಿದ ಐದು ಜನ ದಡದಲ್ಲೇ ನಿಂತರು. ಊರಿನಿಂದ ಇಬ್ಬರು ಓಡಿ ಬಂದರು. ನಾಲ್ಕೂವರೆಗೆ ನೀರು ಮೊಣಕಾಲಿಗಿಂತ ಕೆಳಗೆ ಇಳಿದಿತ್ತು. ಅವರು ಹೇಳಿದ್ದ ಮೂರು ಗಂಟೆಗಿಂತ ತುಸು ತಡ, ಅಷ್ಟೇ. ಐವರೂ ಚಪ್ಪಲಿ ಕೈಯಲ್ಲಿ ಹಿಡಿದು ದಾಟಿ ಬಂದರು. ಬಸ್ಸು ಹೇಗೂ ತಪ್ಪಿತು.

ಮುರಿದ ಕೈಯ ಲೆಕ್ಕ

ಎಕ್ಸ್‌ರೇಯಲ್ಲಿ ಮೂಳೆ ಎರಡು ಕಡೆ ಬಿರುಕು. ಆರು ವಾರ ಪ್ಲಾಸ್ಟರ್. ಆಸ್ಪತ್ರೆ ಖರ್ಚು ನಾವು ಕೊಟ್ಟೆವು. ಅಲ್ಲಿಗೆ ಮುಗಿಯಿತು ಅಂದುಕೊಂಡಿದ್ದೆ.

ಅಣ್ಣನ ನಿಜವಾದ ದುಡಿಮೆ ಮರ ಹತ್ತುವುದು. ಮಳೆಗಾಲದಲ್ಲಿ ಅಡಿಕೆಗೆ ಕೊಳೆರೋಗ ಬಾರದಿರಲಿ ಅಂತ ಮೈಲುತುತ್ತು, ಸುಣ್ಣ ಬೆರೆಸಿದ ಬೋರ್ಡೋ ದ್ರಾವಣ ಹೊಡೆಯುತ್ತಾರಲ್ಲ, ಕೆಳಗಿನ ಊರುಗಳ ತೋಟಗಳಿಗೆ ಆ ಮದ್ದು ಬಿಡಲು ಅವರೇ ಹೋಗುತ್ತಿದ್ದರು. ಆಮೇಲೆ ಕೊಯ್ಲು. ಮರ ಹತ್ತುವವರಿಗೆ ಬೇಡಿಕೆ ಇದೆ, ಕೂಲಿಯೂ ನಾವು ಕೊಡುತ್ತಿದ್ದ ಸಾವಿರಕ್ಕಿಂತ ಜಾಸ್ತಿ. ಪ್ಲಾಸ್ಟರ್ ಬಿಚ್ಚಿದ ಮೇಲೂ ಹಿಡಿತ ಬರಲು ತಿಂಗಳುಗಳು ಬೇಕಾದವು. ಆ ವರ್ಷದ ಮೊದಲ ಕೊಯ್ಲು ಪೂರ್ತಿ ಹೋಯಿತು. ಜಾರಿದವರ ವಿಮೆ ಕಂಪನಿ ಅವರ ತರಚಿದ ಮೊಣಕಾಲಿಗೆ ದುಡ್ಡು ಕೊಟ್ಟಿತು. ಅಣ್ಣನಿಗೆ ಕೇಳುವ ಜಾಗವೇ ಇರಲಿಲ್ಲ. ಕಳೆದ ಕೂಲಿಯ ಒಂದು ಭಾಗವನ್ನು ನಾನು ಕಂತಿನಲ್ಲಿ ಕೊಟ್ಟೆ. ಪೂರ್ತಿ ಕೊಟ್ಟೆ ಅಂತ ಹೇಳಲಾರೆ.

ಮೊದಲ ಪರಿಹಾರ, ಅದು ಸೋತ ಬಗೆ

ಚಳಿಗಾಲದಲ್ಲಿ ಕೂತು ನಾನೂ ಗೆಳೆಯನೂ ಸುರಕ್ಷತೆಯ ಪಟ್ಟಿ ಮಾಡಿದೆವು. ಒಳ್ಳೆ ಹಗ್ಗ ತಂದೆವು. ಹಳ್ಳ ದಾಟುವಾಗ ಬ್ಯಾಗಿನ ಸೊಂಟಪಟ್ಟಿ ಬಿಚ್ಚಿರಬೇಕು, ನೀರು ಬರುವ ಕಡೆ ಮುಖ ಮಾಡಿ ಪಾದ ಎಳೆದುಕೊಂಡು ಅಡ್ಡಡ್ಡ ಹೋಗಬೇಕು, ಹಗ್ಗವನ್ನು ಹಿಡಿಯಬೇಕು, ಮೈಗೆ ಕಟ್ಟಿಕೊಳ್ಳಬಾರದು ಎಂದೆಲ್ಲ ಬರೆದೆವು. ಕಟ್ಟಿಕೊಂಡವರು ಬಿದ್ದರೆ ಹಗ್ಗವೇ ಅವರನ್ನು ನೀರಿನೊಳಗೆ ಹಿಡಿದಿಡುತ್ತದೆ. ಕೊನೆಗೆ ದಪ್ಪ ಅಕ್ಷರದಲ್ಲಿ ಒಂದು ಸಾಲು: ಮುಂದೆ ಹೋಗುವುದೋ ಬಿಡುವುದೋ, ಅಣ್ಣ ಹೇಳಿದ್ದೇ ಕೊನೆ. ಬುಕ್ ಮಾಡುವ ಪ್ರತಿಯೊಬ್ಬರೂ ಅದಕ್ಕೆ ಸಹಿ ಹಾಕಬೇಕು.

ಮುಂದಿನ ಜುಲೈನಲ್ಲಿ ಮತ್ತೆ ಹೋದೆವು. ಎಂಟು ಜನ. ಭಾನುವಾರ ಹಳ್ಳದಲ್ಲಿ ನೀರು ಮತ್ತೆ ಕೆಂಪು, ಮೊಣಕಾಲಿಗಿಂತ ಮೇಲೆ. ನಾನು ಏನೂ ಹೇಳದೆ ಅಣ್ಣನ ಮುಖ ನೋಡಿದೆ. ಅವರು ಕೋಲು ಚುಚ್ಚಲಿಲ್ಲ, ನಿಂತು ಕೇಳಲೂ ಇಲ್ಲ. “ಹೋಗುವ,” ಅಂದರು. ಹಗ್ಗ ಕಟ್ಟಿ ಎಲ್ಲರನ್ನೂ ದಾಟಿಸಿದರು. ಯಾರಿಗೂ ಏನೂ ಆಗಲಿಲ್ಲ. ಆದರೆ ಹಗ್ಗ ಬಿಗಿಯುವಾಗ ಅವರ ಬಲಗೈ ನಡುಗುತ್ತಿದ್ದದ್ದನ್ನು ನಾನು ಎರಡು ಅಡಿ ದೂರದಿಂದ ಕಂಡೆ.

ನಿಯಮದ ಪ್ರಕಾರ ಎಲ್ಲ ಸರಿಯಿತ್ತು. ಕೊನೆಯ ಮಾತು ಅವರದ್ದೇ. ಆದರೂ ಹೋದ ವರ್ಷ ‘ಬೇಡ’ ಅಂದವರು ಈ ವರ್ಷ, ಕೈ ಮುರಿದುಕೊಂಡ ಮೇಲೆ, ಬಾಯಿ ತೆರೆಯಲಿಲ್ಲ. ಯಾಕೆ ಅಂತ ನನಗೆ ತಿಳಿಯಲೇ ಇಲ್ಲ. ಬೆಂಗಳೂರಿಗೆ ಬಂದ ಮೇಲೂ ನಿದ್ದೆ ಹತ್ತಲಿಲ್ಲ.

ಅಮ್ಮ ಕೇಳಿದ ಪ್ರಶ್ನೆ

ಅಕ್ಟೋಬರ್‌ನಲ್ಲಿ ಒಬ್ಬನೇ ಹೋದೆ. ಚಾರಣ ಇಲ್ಲ, ಬ್ಯಾಗಿನಲ್ಲಿ ಹಗ್ಗ ಇಲ್ಲ. ಎರಡು ರಾತ್ರಿ ಇದ್ದೆ. ಮೊದಲ ರಾತ್ರಿ ಅಣ್ಣನನ್ನು ನೇರವಾಗಿ ಕೇಳಿದೆ. ಅವರು ನಕ್ಕು ಮಾತು ಬದಲಿಸಿದರು. ಒಲೆ ಮುಂದೆ ಕೂತಿದ್ದ ಅವರ ತಾಯಿ ತುಳುವಿನಲ್ಲಿ ಮಗನಿಗೆ ಏನೋ ಹೇಳಿದರು. ಆಮೇಲೆ ನನಗೆ ಕನ್ನಡದಲ್ಲಿ, ನಿಧಾನವಾಗಿ: “ನೀವು ಬೇಸರ ಮಾಡಬಾರದು. ಕೊನೆ ಮಾತು ಇವನದ್ದು ಅಂತ ಕಾಗದದಲ್ಲಿ ಬರೆದಿದ್ದೀರಿ. ಒಳ್ಳೆದೇ. ಇವನು ಬೇಡ ಅಂದ ದಿನದ ಕೂಲಿ ಯಾರು ಕೊಡುದು?”

ನನ್ನಲ್ಲಿ ಉತ್ತರ ಇರಲಿಲ್ಲ. ಲೆಕ್ಕ ಅವರಿಗೆ ಬಾಯಿಪಾಠ. ಹಳ್ಳದಲ್ಲಿ ನಿಲ್ಲಿಸಿದರೆ ಉಳಿದರ್ಧ ದುಡ್ಡು ಆ ದಿನ ಸಿಗುವುದಿಲ್ಲ. ಬಂದವರು ಬೇಸರಗೊಂಡರೆ ಮುಂದಿನ ಸಲದ ಜನ ಕಡಿಮೆ. ಬೆಂಗಳೂರಿನಿಂದ ಹೊರಡುವ ಮೊದಲೇ ಬೇಡ ಅಂದರೆ ಪೂರ್ತಿ ಸೊನ್ನೆ. ಕೊಯ್ಲು ಕಳೆದುಕೊಂಡ ವರ್ಷವಾದ ಮೇಲೆ ಆ ಮನೆಗೆ ಆ ದುಡ್ಡು ಹಿಂದಿಗಿಂತ ಜಾಸ್ತಿ ಬೇಕಾಗಿತ್ತು. ಅಂದರೆ ನಮ್ಮ ದಪ್ಪ ಅಕ್ಷರದ ನಿಯಮ ಜವಾಬ್ದಾರಿಯನ್ನು ಅವರ ಹೆಗಲಿಗೆ ಹಾಕಿ, ‘ಬೇಡ’ ಅನ್ನುವ ಖರ್ಚನ್ನೂ ಅವರಿಂದಲೇ ವಸೂಲಿ ಮಾಡುತ್ತಿತ್ತು.

ಇದು ಎರಡನೇ ತಿರುವು. ಪ್ರಕರಣ ನಿಜಕ್ಕೂ ತಿರುಗಿದ್ದು ಇಲ್ಲೇ ಅಂತ ನನ್ನ ನಂಬಿಕೆ.

ಮರುದಿನ ಸಂಜೆ ಏಳೂ ಮನೆಯವರು ಸೇರಿದರು. ಗಂಡಸರು ಜಾಸ್ತಿ ಮಾತಾಡಲಿಲ್ಲ. ಹೆಂಗಸರು ಮಾತು ಶುರುಮಾಡಿದ ಮೇಲೆ ನಿಲ್ಲಲಿಲ್ಲ, ಎಲ್ಲವೂ ಒಂದೊಂದಾಗಿ ಹೊರಗೆ ಬಂತು. ಪಕ್ಕದ ಮನೆಯ ಅಕ್ಕ ಅಟ್ಟ ತೋರಿಸಿದರು. ಜುಲೈನಲ್ಲಿ ಬಂದವರ ಸಾಕ್ಸು, ಪ್ಯಾಂಟು ಒದ್ದೆಯಾಗಿತ್ತಲ್ಲ. ಒಲೆ ಮೇಲಿನ ಅಟ್ಟ ಕಂಡು ಅವರು ಅಲ್ಲಿ ಹರಡಿದ್ದರು. ಜಾಗ ಬೇಕಲ್ಲ ಅಂತ ಉಪ್ಪಾಗೆಯನ್ನು ಕೆಳಗಿಳಿಸಿ ಮೂಲೆಯಲ್ಲಿ ರಾಶಿ ಹಾಕಿದ್ದು ಮನೆಯವರೇ. ಎರಡು ದಿನ ಹೊಗೆ ತಪ್ಪಿತು, ಬೂಷ್ಟು ಬಂತು, ಒಂದು ಚೀಲ ಉಪ್ಪಾಗೆ ಗುಂಡಿಗೆ ಹೋಯಿತು. ನಮಗೆ ಯಾರೂ ಒಂದು ಮಾತೂ ಹೇಳಿರಲಿಲ್ಲ. “ಮನೆಗೆ ಬಂದವರಿಗೆ ಬಟ್ಟೆ ತೆಗಿರಿ ಅಂತ ಹೇಗೆ ಹೇಳುದು?” ಅಂದರು ಆ ಅಕ್ಕ. ದೈವದ ಕಲ್ಲಿನ ಹತ್ತಿರ ಫೋಟೋ ತೆಗೆದದ್ದು, ಬೆಳಿಗ್ಗೆ ಸ್ನಾನಕ್ಕೆ ಹೆಂಗಸರು ಹೋಗುವ ಹಳ್ಳದ ಕಡೆ ಸುತ್ತಾಡಿದ್ದು, ಇಂಥವೂ ಬಂದವು. ಹಳ್ಳದ ದಡದಲ್ಲಿ ಅಣ್ಣನ ಬಾಯಿ ಕಟ್ಟಿಹಾಕಿದ್ದು ಮನೆಯೊಳಗೂ ಇತ್ತು. ಎರಡು ವರ್ಷ ಅದನ್ನೇ ನಾನು ‘ಎಷ್ಟು ಒಳ್ಳೆ ಜನ, ಯಾವುದಕ್ಕೂ ಇಲ್ಲ ಅನ್ನಲ್ಲ’ ಅಂತ ಹೊಗಳಿಕೊಂಡು ತಿರುಗಿದ್ದೆ.

ಹೊಸ ಒಪ್ಪಂದ

ಅವತ್ತು ರಾತ್ರಿ ಬಲ್ಬಿನ ಬೆಳಕಿನಲ್ಲಿ ಬರೆದದ್ದು ಒಂದು ಪುಟ. ಅಕ್ಕನ ಮಗಳು, ಪಿಯುಸಿ ಓದುತ್ತಿದ್ದವಳು, ಬರೆದಳು. ವರ್ಷದ ಚಾರಣಗಳ ತಾರೀಖುಗಳನ್ನು ಊರಿನವರೇ ಹೇಳುವುದು. ಉಪ್ಪಾಗೆ ಜೋರಾಗಿ ಬೀಳುವ ವಾರಗಳಲ್ಲಿ, ದೈವದ ನೇಮದ ದಿನಗಳಲ್ಲಿ ಚಾರಣ ಇಲ್ಲ. ಒಪ್ಪಿದ ತಾರೀಖಿಗೆ ಎಂಟು ಜನರ ಲೆಕ್ಕದ ದುಡ್ಡು, ಅಣ್ಣನ ಎರಡು ದಿನದ ಕೂಲಿ, ಒಂದು ವಾರ ಮೊದಲೇ ಪೂರ್ತಿ ಕೊಡುವುದು. ಜನ ಐದೇ ಬಂದರೂ ಅಷ್ಟೇ. ಮಳೆಗೋ, ಸಾವಿಗೋ, ಬೇರೆ ಯಾವ ಕಾರಣಕ್ಕೋ ಊರಿನವರು ಬೇಡ ಅಂದರೂ ಆ ದುಡ್ಡು ವಾಪಸ್ ಕೇಳುವ ಹಾಗಿಲ್ಲ, ಕಾರಣವನ್ನೂ ಕೇಳುವ ಹಾಗಿಲ್ಲ. ಅಣ್ಣನ ಕೂಲಿ ಮರ ಹತ್ತುವವರ ಕೂಲಿಯಷ್ಟೇ. ಮತ್ತೆ, ಪ್ರತಿ ಚಾರಣಕ್ಕೂ ಸೋಮವಾರ ಒಂದು ಕಾಯ್ದಿಟ್ಟ ದಿನ. ಬರುವವರು ರಜೆ ಹಾಕಿಯೇ ಬರಬೇಕು. ಭಾನುವಾರ ಹಳ್ಳ ಬಿಟ್ಟುಕೊಟ್ಟರೆ ಸೋಮವಾರ ಅವರಿಗೆ ಉಡುಗೊರೆ, ಇಲ್ಲದಿದ್ದರೆ ಊರಿನಲ್ಲಿ ಇನ್ನೊಂದು ರಾತ್ರಿ.

ಕಾರಣ ಕೇಳುವ ಹಾಗಿಲ್ಲ ಅನ್ನುವ ಸಾಲು ಸೇರಿಸಿದ್ದು ಅಮ್ಮ. ಗೆಳೆಯನಿಗೆ ಅದು ಹಿಡಿಸಲಿಲ್ಲ. ‘ಸುಮ್ನೆ ಬೇಡ ಅಂದು ದುಡ್ಡು ಇಟ್ಟುಕೊಂಡರೆ?’ ಅಂತ ಕೇಳಿದ. ಆ ಭಯ ಅರ್ಥವಾಗುವಂಥದ್ದೇ. ತಲಾ ದರ 3,800ರಿಂದ 5,200ಕ್ಕೆ ಏರಿತು, ಸೋಮವಾರದ ರಜೆ ಬೇರೆ. ಆ ವರ್ಷ ಬುಕಿಂಗ್ ಅರ್ಧಕ್ಕಿಂತ ಕಡಿಮೆ ಆಯಿತು. ಮಾರ್ಚ್ ಹೊತ್ತಿಗೆ ಗೆಳೆಯ ಬೇರೆ ದಾರಿ ಹಿಡಿದ. ಜಗಳವಿಲ್ಲದೆ ಬೇರೆಯಾದೆವು, ಆದರೆ ಬೇಸರ ಇದ್ದೇ ಇತ್ತು. ಇಂಥ ಬದಲಾವಣೆಗೆ ಹೊರಡುವವರು ಈ ಖರ್ಚನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಎರಡು ‘ಬೇಡ’ಗಳು

ಮೊದಲನೆಯದು ಫೆಬ್ರವರಿಯಲ್ಲೇ ಬಂತು. ಹೊರಡಲು ಒಂಬತ್ತು ದಿನ ಇತ್ತು. ಬರೆದುಕೊಟ್ಟಿದ್ದ ಹುಡುಗಿಯೇ ಸಿಗ್ನಲ್ ಸಿಗುವ ಗುಡ್ಡ ಹತ್ತಿ ಫೋನ್ ಮಾಡಿದಳು. “ಈ ಸಲ ಬೇಡ ಅಂತೆ ಸರ್.” ಒಪ್ಪಂದದಂತೆ ನಾನು ಕಾರಣ ಕೇಳಲಿಲ್ಲ. ಅವಳೇ ಹೇಳಿದಳು: ತೋಟದ ಅಂಚಿನಲ್ಲಿ ಒಂದು ಮಂಗ ಸತ್ತು ಬಿದ್ದಿದೆ.

ಮಲೆನಾಡಿನವರಿಗೆ ಇದಕ್ಕಿಂತ ಹೆಚ್ಚು ಹೇಳಬೇಕಿಲ್ಲ. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಗುರುತಾದ ಮಂಗನ ಕಾಯಿಲೆ 1982-83ರಲ್ಲಿ ಬೆಳ್ತಂಗಡಿ ತಾಲೂಕಿನಲ್ಲೂ ಹಬ್ಬಿ ಜೀವ ತೆಗೆದಿತ್ತು. ಮಂಗ ಸತ್ತ ಜಾಗದಲ್ಲಿ ಅದರ ಮೈಯಿಂದ ಉದುರಿದ ಉಣುಗುಗಳು ನೆಲದಲ್ಲಿರುತ್ತವೆ, ತರಗೆಲೆ ಮೇಲೆ ಕೂತವರಿಗೆ ಹತ್ತುತ್ತವೆ. ಡಿಸೆಂಬರ್‌ನಿಂದ ಮೇವರೆಗೆ ಅದರ ಕಾಲ. ಊರಿನವರು ಆರೋಗ್ಯ ಇಲಾಖೆಗೆ ತಿಳಿಸಿದರು, ಮೈಗೆ ಹಚ್ಚುವ ಎಣ್ಣೆ ಬಂತು, ಮಂಗದ ಸ್ಯಾಂಪಲ್ ಹೋಯಿತು. ಫಲಿತಾಂಶ ಬಂದಾಗ ಕಾಯಿಲೆ ಇರಲಿಲ್ಲ. ಆದರೆ ಆ ಒಂಬತ್ತು ದಿನದಲ್ಲಿ ಅದು ಯಾರಿಗೂ ಗೊತ್ತಿರಲಿಲ್ಲ. ಹಳೆಯ ಲೆಕ್ಕವಾಗಿದ್ದರೆ ಆ ಫೋನ್ ಬರುತ್ತಿತ್ತಾ? ಆ ಹುಡುಗಿಯನ್ನೇ ಆಮೇಲೆ ಕೇಳಿದೆ. ಅವಳು ಯೋಚಿಸಿ, “ಆ ಕಡೆ ಕರ್ಕೊಂಡು ಹೋಗದೆ ಬೇರೆ ಕಡೆಯಿಂದ ತರ್ತಿದ್ರು,” ಅಂದಳು.

ದುಡ್ಡು ಊರಿಗೆ ಹೋಯಿತು. ಬುಕ್ ಮಾಡಿದವರಲ್ಲಿ ನಾಲ್ವರು ತಾರೀಖು ಬದಲಿಸಲು ಒಪ್ಪಿದರು. ಇಬ್ಬರು ವಾಪಸ್ ಕೇಳಿದರು, ನನ್ನ ಕೈಯಿಂದ ಕೊಟ್ಟೆ.

ಎರಡನೆಯದು ಸೆಪ್ಟೆಂಬರ್ ಮೊದಲ ಭಾನುವಾರ, ಅದೇ ಹಳ್ಳ. ಅಣ್ಣ ನಿಂತು ಕೇಳಿದರು. ಕೋಲು ಚುಚ್ಚಿದರು. ಗೀರು ಎಳೆಯುವುದಕ್ಕೆ ಮುಂಚೆಯೇ ಬಂದವರಲ್ಲಿ ಒಬ್ಬರು, ಐವತ್ತೈದರ ಮೇಷ್ಟ್ರು, ಅವರ ಪಕ್ಕ ಕುಕ್ಕರಗಾಲಲ್ಲಿ ಕೂತು ಗಡಿಯಾರ ನೋಡತೊಡಗಿದರು. ಹತ್ತು ನಿಮಿಷಕ್ಕೆ ನೀರು ಎರಡು ಬೆರಳು ಏರಿತು.

“ಇವತ್ತು ಆಗುದಿಲ್ಲ. ಮನೆಗೆ ಹೋಗುವ,” ಅಂದರು ಅಣ್ಣ. ನನ್ನ ಕಡೆ ನೋಡಿ ಹೇಳಲಿಲ್ಲ, ಎಲ್ಲರಿಗೂ ಕೇಳುವ ಹಾಗೆ ಹೇಳಿ ತಿರುಗಿ ನಡೆದರು.

ಒಬ್ಬ ಹುಡುಗನಿಗೆ ಸಿಟ್ಟು ಬಂತು. ಸಹಿ ಹಾಕಿದ್ದು ನೆನಪಿಸಿದೆ, ಸುಮ್ಮನಾದ. ಆ ರಾತ್ರಿ ಮಳೆ ಹೊಡೆದದ್ದು ಹೊಡೆದದ್ದೇ. ಬಲ್ಬು ಕಣ್ಣು ಕುಕ್ಕುವಷ್ಟು ಉರಿಯಿತು. ಅಟ್ಟದ ಮೇಲೆ ಆ ವರ್ಷದ ಕೊನೆಯ ಉಪ್ಪಾಗೆ ಇತ್ತು, ಒದ್ದೆ ಬಟ್ಟೆಗೆ ಜಗುಲಿಯಲ್ಲಿ ಬೇರೆ ಹಗ್ಗ ಕಟ್ಟಿತ್ತು. ಸಿಟ್ಟಾದ ಹುಡುಗ ಅಮ್ಮನ ಪಕ್ಕ ಕೂತು ಉಪ್ಪಾಗೆಯ ಬೀಜ ಬಿಡಿಸಿದ. ಹಣ್ಣಿನ ಹುಳಿ ಬೆರಳ ಸಂದಿಗೆ ಇಳಿದು ಚುರುಗುಟ್ಟಿದಾಗ ಕೈ ಕೊಡವಿದ. ಅಮ್ಮ ತೆಂಗಿನೆಣ್ಣೆ ಹಚ್ಚಿದರು. ಸೋಮವಾರ ಹತ್ತು ಗಂಟೆಗೆ ನೀರು ಮೊಣಕಾಲಿಗಿಂತ ಕೆಳಗೆ. ಇಪ್ಪತ್ತು ನಿಮಿಷದಲ್ಲಿ ಎಲ್ಲರೂ ಆಚೆ.

ಗೆಳೆಯ ಭಯಪಟ್ಟಂತೆ ಆಗಿದೆಯಾ? ಒಪ್ಪಂದದ ನಂತರ ಒಂಬತ್ತು ತಾರೀಖು ಕೊಟ್ಟಿದ್ದಾರೆ. ಬೇಡ ಅಂದದ್ದು ಒಂದು, ಹಳ್ಳದಿಂದ ವಾಪಸ್ ಕರೆದದ್ದು ಒಂದು. ಇಷ್ಟು ಕಡಿಮೆ ಅಂಕಿಗಳಿಂದ ದೊಡ್ಡ ಮಾತು ಆಡಲಾರೆ. ಈ ಊರಿಗೆ, ಈ ಏಳು ಮನೆಗೆ ಹೊಂದಿದ್ದು ಇನ್ನೊಂದು ಕಡೆ ಹೊಂದದೆ ಇರಬಹುದು. ಇಂಥ ಕೆಲಸಕ್ಕೆ ಇಳಿದವರು ಮೊದಲು ತಮ್ಮ ದುಡ್ಡಿನ ಲೆಕ್ಕವನ್ನು ಮುಂದಿಟ್ಟುಕೊಂಡು, ‘ಅವರು ಬೇಡ ಅಂದ ದಿನ ನಷ್ಟ ಯಾರಿಗೆ?’ ಅಂತ ನೋಡಲಿ. ಹಗ್ಗ, ಸಹಿ, ನಿಯಮ ಎಲ್ಲ ಆಮೇಲೆ.

ಇನ್ನೂ ಬಗೆಹರಿಯದ ವಿಷಯ ವಿಮೆ. ಬ್ಯಾಂಕಿನಲ್ಲಿ ವರ್ಷಕ್ಕೆ 20 ರೂಪಾಯಿಗೆ ಸಿಗುವ ಪ್ರಧಾನಮಂತ್ರಿ ಸುರಕ್ಷಾ ಬೀಮಾ ಯೋಜನೆಗೆ ಏಳೂ ಮನೆಯವರನ್ನು ಸೇರಿಸಿದೆವು. ಅದು ಅಪಘಾತದಲ್ಲಿ ಸತ್ತರೆ ಅಥವಾ ಶಾಶ್ವತವಾಗಿ ಅಂಗ ಊನವಾದರೆ ಮಾತ್ರ. ಮಣಿಕಟ್ಟು ಮುರಿದು ಕೊಯ್ಲು ತಪ್ಪಿದರೆ ಅದರಿಂದ ಒಂದು ಪೈಸೆ ಬರುವುದಿಲ್ಲ. ಅದಕ್ಕೇ ಪ್ರತಿ ಬುಕಿಂಗ್‌ನಿಂದ 200 ರೂಪಾಯಿ ಬೇರೆ ಖಾತೆಗೆ ಹಾಕುತ್ತಿದ್ದೇವೆ, ಪಾಸ್‌ಬುಕ್ ಅಮ್ಮನ ಹತ್ತಿರ ಇದೆ. ಈಗ ಅದರಲ್ಲಿ ಇರುವುದು ಒಂದು ಕೊಯ್ಲಿನ ಕೂಲಿಯ ಕಾಲುಭಾಗವೂ ಅಲ್ಲ.

ಅಣ್ಣನ ಮಣಿಕಟ್ಟು ಮಳೆ ಹಿಡಿದ ದಿನಗಳಲ್ಲಿ ಇನ್ನೂ ಸೆಳೆಯುತ್ತದೆ. ಗಿಡ್ಡ ಮರಗಳನ್ನು ಹತ್ತುತ್ತಾರೆ. ಎತ್ತರದವನ್ನು ತಮ್ಮನಿಗೆ ಬಿಟ್ಟಿದ್ದಾರೆ.